ಖಾಲಿ ಮಹಜರು

ಅಖ್ತರ್ ಬೇಗಂ ಇವತ್ತು ಓಟು ಹಾಕಲು ಬಾರದಿದ್ದರೆ ಸಾಕು ಎಂದು ಸಂಘಮಿತ್ರಾ ಬೆಳಿಗ್ಗೆಯಿಂದ ಐದಾರು ಸಲ ಅಂದುಕೊಂಡಿದ್ದಳು. ಒಂದು ಓಟೂ ತಪ್ಪಬಾರದು ಎಂದು ಅಚ್ಚು ಹಾಕಿದ ಬಿಲ್ಲೆಯನ್ನು ಸೆರಗಿಗೆ ಸಿಕ್ಕಿಸಿಕೊಂಡು ಕೂತವಳು ಹೀಗೆ ಬಯಸುತ್ತಿದ್ದೇನಲ್ಲ ಎಂಬುದೂ ಅಷ್ಟೇ ಸಲ ಹೊಳೆದಿತ್ತು. ಮತದಾರರಿಗೆ ನೆರವಾಗಲೆಂದು ಜಗಲಿಯ ಮೇಲೆ ಹಾಕಿಸಿದ್ದ ಮೇಜು ಮೂರನೇ ತರಗತಿಯದು. ಮೊಣಕಾಲು ಅದರಡಿ ಹಿಡಿಸದೆ ಅವಳು ಓರೆಯಾಗಿ ಕೂತಿದ್ದಳು. ಅಜ್ಜಂಪುರದ ಈ ಶಾಲೆಯಲ್ಲಿ ಒಂಬತ್ತು ವರ್ಷದಿಂದ ಪಾಠ ಹೇಳುತ್ತಿದ್ದರೂ ಇವತ್ತು ಒಳಗೆ ಕಾಲಿಡಬೇಕಾದರೆ ಬಾಗಿಲಲ್ಲಿ ನಿಂತ ಪೊಲೀಸಿನವನ ಮುಖ ನೋಡಬೇಕಿತ್ತು. ಮನೆಮನೆಗೆ ಹೋಗಿ ಈ ಬೂತಿನ ಮತದಾರರ ಪಟ್ಟಿಗೆ ಯಾರನ್ನು ಸೇರಿಸಬೇಕು, ಯಾರನ್ನು ತೆಗೆಯಬೇಕು ಎಂದು ನೋಡುವ ಬಿಎಲ್‌ಒ ಕೆಲಸ ಅವಳ ಪಾಲಿಗೆ ಬಂದು ನಾಲ್ಕು ವರ್ಷವಾಗಿತ್ತು. ಒಂದು ಸಾವಿರದ ಎಂಟು ಹೆಸರು. ಜನ ಮೇಜಿನ ಮುಂದೆ ನಿಂತು ಬಾಯಿ ತೆರೆಯುವ ಮೊದಲೇ ಅವಳ ಬೆರಳು ಅವರ ಬೀದಿಯ ಹಾಳೆಗೆ ಹೋಗುತ್ತಿತ್ತು. “ಮಿಸ್, ನಂದು ಎಷ್ಟನೇ ನಂಬರು ನೋಡ್ರೀ” ಎಂದರೆ ನಂಬರು ಬರೆದು ಚೀಟಿ ಹರಿದು ಕೊಡುತ್ತಿದ್ದಳು. ಕೈ ತನ್ನ ಪಾಡಿಗೆ ಕೆಲಸ ಮಾಡುತ್ತಿತ್ತು. ಕಣ್ಣು ಮಾತ್ರ ಗೇಟಿನ ಎಡಗಡೆಗೇ ಇತ್ತು, ಏಕೆಂದರೆ ಹಳೇಸಂತೆ ಬೀದಿಯವರು ಆ ಕಡೆಯಿಂದಲೇ ಬರಬೇಕು.

ಹದಿನೈದು ದಿನದ ಹಿಂದೆ ಮತದಾರರ ಚೀಟಿ ಹಂಚಲು ಆ ಬೀದಿಗೆ ಹೋದಾಗ ಅಖ್ತರ್ ಬೇಗಂ ತಮ್ಮ ಮನೆಯ ಮುಂದಿನ ಕಟ್ಟೆಯ ಮೇಲೆ ಕೂತು ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದರು. ಸಂಘಮಿತ್ರಾಳ ಕೈಯಲ್ಲಿ ಆ ಮನೆಯ ಮೂರು ಚೀಟಿಗಳಿದ್ದವು: ಮಗ ಮುನೀರ್ ಪಾಷಾನದು, ಸೊಸೆಯದು, ಈ ಸಲವೇ ಮೊದಲ ಓಟು ಹಾಕಲಿರುವ ಮೊಮ್ಮಗಳು ಫಿಜಾಳದು. ನಾಲ್ಕನೆಯದು ಇರಲಿಲ್ಲ. ನಾಲ್ಕನೆಯವರು ಸತ್ತಿದ್ದಾರೆಂದು ಅವಳೇ ಬರೆದುಕೊಟ್ಟಿದ್ದಳು. ಸತ್ತವರು ತಲೆ ಎತ್ತಿ, “ಬನ್ನಿ ಟೀಚರಮ್ಮ, ಈ ಬಿಸ್ಲಲ್ಲಿ ಬಂದಿದೀರಿ, ನೀರು ಕೊಡ್ಲಾ?” ಎಂದರು. ಅವಳಿಗೆ ಮೊದಲು ಹೊಳೆದದ್ದು ಬೇರೆ ಯಾವುದೂ ಅಲ್ಲ, ಹೆಸರು ಸೇರಿಸುವ ಕಡೇ ದಿನಾಂಕ ಕಳೆದುಹೋಗಿದೆ ಎಂಬ ಮಾತು. ಮೂರೂ ಚೀಟಿಯನ್ನು ಫಿಜಾಳ ಕೈಗಿಟ್ಟು ತಿರುಗಿದಳು. “ನಂದು?” ಎಂದು ಹಿಂದಿನಿಂದ ಮುದುಕಿ ಕೇಳಿದರು. “ನಿಮ್ಮದು ಇನ್ನೊಂದು ಕಟ್ಟಲ್ಲಿದೆ ಅಮ್ಮ, ಆಮೇಲೆ ತಂದ್ಕೊಡ್ತೀನಿ” ಎಂದಳು. ಇಷ್ಟು ಸಲೀಸಾಗಿ ಸುಳ್ಳು ಬಂದದ್ದಕ್ಕೆ ಆ ಬೀದಿಯ ಕೊನೆ ಮುಟ್ಟುವವರೆಗೂ ಅವಳಿಗೆ ಆಶ್ಚರ್ಯವಾಗುತ್ತಿತ್ತು. ಆಮೇಲೆ ಆಶ್ಚರ್ಯ ಹೋಗಿ ಕಾಲು ನೋವು ಮಾತ್ರ ಉಳಿಯಿತು.

ಆವತ್ತೂ ಹೀಗೇ ಕಾಲು ನೋಯುತ್ತಿತ್ತು. ಹೋದ ವರ್ಷದ ಜುಲೈ, ಮನೆಮನೆ ಪರಿಶೀಲನೆಯ ಕಡೇ ವಾರ. ಗಾಳಿಯ ಜೊತೆ ಸೋನೆ ಹನಿಯುತ್ತಿತ್ತು, ಎದೆಗವಚಿಕೊಂಡ ಫೈಲಿನ ಅಂಚು ನೆನೆದಿತ್ತು, ಇನ್ನೂ ಹನ್ನೊಂದು ಮನೆ ಬಾಕಿ ಇದ್ದವು. ಕೆಲಸ ಹಿಂದುಳಿದ ಬಿಎಲ್‌ಒಗಳ ಹೆಸರಿಗೆ ಕೆಂಪು ಬಣ್ಣ ಹಚ್ಚಿ ಮೇಲಿನವರು ವಾಟ್ಸಾಪ್ ಗುಂಪಿಗೆ ಹಾಕಿದ್ದರು, ಅದರಲ್ಲಿ ಅವಳ ಹೆಸರಿತ್ತು. ನಲವತ್ತೊಂದು ವಯಸ್ಸಿನಲ್ಲಿ ಕೆಂಪು ಗೆರೆ ಹಾಕಿಸಿಕೊಳ್ಳುವುದು ಮೂರನೇ ಕ್ಲಾಸಿನಲ್ಲಿ ಹಾಕಿಸಿಕೊಂಡದ್ದಕ್ಕಿಂತ ಹೆಚ್ಚು ಉರಿಯುತ್ತದೆ ಎಂದು ಅವಳಿಗೆ ಗೊತ್ತಿರಲಿಲ್ಲ. ಮುನೀರ್ ಪಾಷಾನ ಮನೆಗೆ ಬೀಗ. ಎದುರಿನ ಅಂಗಡಿಯಲ್ಲಿ ಟೈಲರ್ ಜಬೀವುಲ್ಲಾ ಬಾಯಲ್ಲಿ ಎರಡು ಗುಂಡುಪಿನ್ನು ಕಚ್ಚಿಕೊಂಡು ಸ್ಕೂಲ್ ಯೂನಿಫಾರಂ ಹೊಲಿಯುತ್ತಿದ್ದ. “ಈ ಮನೆ ಅಖ್ತರ್ ಬೇಗಂ ಇದಾರಾ?” ಎಂದು ಕೇಳಿದಳು. ಅವನು ಪಿನ್ನು ತೆಗೆಯದೆಯೇ, “ಅವರು ಹೋಗ್ಬಿಟ್ರಲ್ಲ ಮೇಡಂ, ತಿಂಗಳಾಯ್ತು” ಎಂದ. ಅವಳು “ಅಯ್ಯೋ” ಎಂದಳು. ಅವನು ಒಂದು ಕ್ಷಣ ಮೆಷಿನ್ ನಿಲ್ಲಿಸಿ ಅವಳನ್ನು ನೋಡಿದ, ಇದರಲ್ಲಿ ಅಯ್ಯೋ ಅನ್ನುವಂಥದ್ದು ಏನಿದೆ ಎಂಬ ಹಾಗೆ. ಆ ನೋಟ ಅವಳಿಗೆ ಕಂಡಿತ್ತು. ಕಂಡಿರಲಿಲ್ಲ ಎಂದು ತನಗೆ ತಾನೇ ಎಷ್ಟೋ ಸಲ ಹೇಳಿಕೊಂಡಿದ್ದಾಳೆ, ಆದರೆ ಕಂಡಿತ್ತು. ಎಲ್ಲಿಗೆ ಹೋದರು ಎಂಬ ಒಂದು ಮಾತು ನಾಲಿಗೆಯ ತುದಿಗೆ ಬಂದು, ಅದರ ಹಿಂದೆಯೇ ಅವನ ಉತ್ತರ, ಅದಕ್ಕೆ ಇನ್ನೊಂದು ನಮೂನೆ, ಇನ್ನೊಂದು ಫೋನು, ಇನ್ನೊಂದು ಸಲ ಈ ಬೀದಿಗೆ ಬರುವುದು, ಇವೆಲ್ಲ ಸಾಲಾಗಿ ಬಂದು ನಿಂತವು. ಮುನೀರ್‌ನ ವೆಲ್ಡಿಂಗ್ ಅಂಗಡಿ ಎರಡು ಬೀದಿ ಆಚೆ. ಅವಳು ಫೈಲಿನಿಂದ ಮಹಜರಿನ ಹಾಳೆ ತೆಗೆದು, “ಇಲ್ಲೊಂದು ಸೈನ್ ಹಾಕಿ” ಎಂದಳು. ಜಬೀವುಲ್ಲಾ ಹಾಕಿದ. ಪಕ್ಕದ ಟೀ ಅಂಗಡಿಯ ತಿಮ್ಮರಾಯಪ್ಪನೂ ಹಾಕಿದ. ಹಾಳೆಯಲ್ಲಿ ಸಹಿ ಮಾಡುವ ಜಾಗ ಬಿಟ್ಟರೆ ಬೇರೆ ಏನೂ ತುಂಬಿರಲಿಲ್ಲ. ಇವರು ಮೃತಪಟ್ಟಿರುವುದು ನಮಗೆ ಖುದ್ದಾಗಿ ತಿಳಿದಿರುತ್ತದೆ ಎಂಬ ಸಾಲನ್ನು ಅವಳು ಸಂಜೆ ಮನೆಯಲ್ಲಿ, ಕುಕ್ಕರ್ ಕೂಗುವುದರೊಳಗೆ, ದುಂಡಗಿನ ಅಕ್ಷರದಲ್ಲಿ ಬರೆದಳು.

ಹತ್ತು ಗಂಟೆಯ ಸುಮಾರಿಗೆ ಅವರು ಬಂದರು. ಕೆನೆ ಬಣ್ಣದ ಸೆರಗನ್ನು ತಲೆಯ ಮೇಲೆ ಎಳೆದುಕೊಂಡು, ಕೈಯಲ್ಲಿ ಗುರುತಿನ ಚೀಟಿ ಹಿಡಿದುಕೊಂಡು, ಪಕ್ಕದಲ್ಲಿ ಫಿಜಾ. ಮೇಜಿನ ಹತ್ತಿರ ಬರಲಿಲ್ಲ. ಟೀಚರಮ್ಮ ಚೀಟಿ ತಂದುಕೊಡುವುದನ್ನು ಮರೆತರೆ ಏನಾಯಿತು, ಕಾರ್ಡಿದೆಯಲ್ಲ ಎಂದುಕೊಂಡಿರಬೇಕು, ನೇರವಾಗಿ ಹೆಂಗಸರ ಸಾಲಿನ ಕೊನೆಯಲ್ಲಿ ನಿಂತರು. ಅಲ್ಲಿಂದಲೇ ಸಂಘಮಿತ್ರಾಳನ್ನು ನೋಡಿ ತಲೆಯಾಡಿಸಿದರು. ಎದ್ದು ಹೋಗಿ, ಅಮ್ಮ ನಿಲ್ಲಬೇಡಿ, ನಿಮ್ಮ ಹೆಸರಿಲ್ಲ ಎಂದು ಕಿವಿಯಲ್ಲಿ ಹೇಳಿ ಕಳಿಸಬಹುದಿತ್ತು. ಸಾಲು ಒಂದೊಂದೇ ಹೆಜ್ಜೆ ಮುಂದೆ ಹೋಗುತ್ತಿದ್ದರೆ ಅವಳು ಒಂದೊಂದೇ ಚೀಟಿ ಹರಿಯುತ್ತಾ ಕೂತಿದ್ದಳು. ಮುದುಕಿ ಒಮ್ಮೆ ಈ ಕಾಲಿನ ಮೇಲೆ, ಒಮ್ಮೆ ಆ ಕಾಲಿನ ಮೇಲೆ ಭಾರ ಹಾಕುವುದು ಕಾಣುತ್ತಿತ್ತು. ಯಾರೋ, “ವಯಸ್ಸಾದೋರು, ಮುಂದೆ ಹೋಗಿ ಅಜ್ಜಿ” ಎಂದರೂ ಅವರು, “ಇರ್ಲಿ ಬಿಡವ್ವ, ಎಲ್ಲರ ಜೊತೆ ಬತ್ತೀನಿ” ಎಂದರು. ಮುಕ್ಕಾಲು ಗಂಟೆಯ ನಂತರ ಒಳಗಿನಿಂದ ಮತಗಟ್ಟೆ ಅಧಿಕಾರಿ ಜಯದೇವಪ್ಪ ಬಾಗಿಲಿಗೆ ಬಂದು, “ಮೇಡಂ, ಒಂದ್ನಿಮಿಷ ಬನ್ನಿ” ಎಂದ. ಲಕ್ಕವಳ್ಳಿಯ ಅಣೆಕಟ್ಟೆಯ ಕೆಲಸದಲ್ಲಿದ್ದವನು, ನಿನ್ನೆ ಬಂದವನು, ಊರಿನ ಯಾರ ಪರಿಚಯವೂ ಇಲ್ಲದವನು. ಅವನ ಮುಂದಿದ್ದ ಪಟ್ಟಿಯಲ್ಲಿ ಅಖ್ತರ್ ಬೇಗಂ ಅವರ ಹೆಸರಿನ ಮೇಲೆ ಓರೆಯಾಗಿ ಮೊಹರು ಬಿದ್ದಿತ್ತು.

“ಇವರ ಹೆಸರು ತೆಗೆದಿದೆಯಲ್ಲ ಮೇಡಂ. ಕಾರಣ ಮೃತ ಅಂತಿದೆ” ಎಂದು ಜಯದೇವಪ್ಪ ತಗ್ಗಿದ ದನಿಯಲ್ಲೇ ಹೇಳಿದ. ಆದರೆ ಅದು ಕ್ಲಾಸ್ ರೂಮು. ತಗ್ಗಿದ ದನಿಯೂ ಹಿಂದಿನ ಬೆಂಚಿಗೆ ಕೇಳುವಂತೆ ಕಟ್ಟಿದ ಕೋಣೆ.

“ಯಾರು ಸತ್ತಿದ್ದು?” ಎಂದರು ಅಖ್ತರ್ ಬೇಗಂ.

“ನೀವೇ ಅಜ್ಜಿ” ಎಂದು ಗಂಡಸರ ಸಾಲಿನಿಂದ ಯಾರೋ ಅಂದರು. ನಾಲ್ಕೈದು ಜನ ನಕ್ಕರು.

ಅವರು ನಿಧಾನವಾಗಿ ಆ ಕಡೆ ತಿರುಗಿದರು. “ನನ್ನ ಮಯ್ಯತ್ತಿಗೆ ನೀನೂ ಬಂದಿದ್ದೇನಪ್ಪಾ? ಮಣ್ಣು ಹಾಕ್ದಾ?” ಎಂದು ಕೇಳಿದರು.

ಜಯದೇವಪ್ಪ ಪಾಪ, ಕೈಪಿಡಿ ತೆಗೆದು ನೋಡಿದ, ಯಾರಿಗೋ ಫೋನು ಮಾಡಿದ. ಎರಡು ಸಲ “ಹೌದು ಸರ್, ಮುಂದೇನೇ ನಿಂತಿದಾರೆ ಸರ್” ಎಂದ. ಆಮೇಲೆ, “ಪಟ್ಟೀಲಿ ಇಲ್ದೋರಿಗೆ ಕೊಡೋಕೆ ಬರಲ್ಲ ತಾಯಿ. ನಾನು ಏನೂ ಮಾಡೋ ಹಂಗಿಲ್ಲ” ಎಂದ. ಫಿಜಾ ಬೆರಳಿಗೆ ಶಾಯಿ ಹಾಕಿಸಿಕೊಳ್ಳಲು ಚಾಚಿದ್ದ ಕೈಯನ್ನು ಹಿಂದಕ್ಕೆ ಎಳೆದುಕೊಂಡು, “ದಾದಿಮಾದು ಇಲ್ಲ ಅಂದ್ರೆ ನಾನೂ ಹಾಕಲ್ಲ” ಎಂದಳು. ಏಳನೇ ತರಗತಿಯಲ್ಲಿ ಸಂಘಮಿತ್ರಾಳ ಪಾಠ ಕೇಳಿದವಳು. ನಾಗರಿಕರ ಮೂಲಭೂತ ಕರ್ತವ್ಯಗಳನ್ನು ಒಂದೂ ಬಿಡದೆ ಒಪ್ಪಿಸಿ ಚಪ್ಪಾಳೆ ಹೊಡೆಸಿಕೊಂಡಿದ್ದವಳು. ಮುದುಕಿ ಅವಳ ಭುಜದ ಮೇಲೆ ಕೈ ಇಟ್ಟು ತಮ್ಮ ಮಾತಿನಲ್ಲಿ, “ಜಾ, ಡಾಲ್ಕೋ ಆ” ಎಂದರು. ಹೋಗು, ಹಾಕಿ ಬಾ. ಅಷ್ಟೇ. ಹುಡುಗಿ ಅಳುತ್ತಲೇ ಓಟು ಹಾಕಿ ಬಂದಳು. ಅಷ್ಟು ಹೊತ್ತೂ ಅಖ್ತರ್ ಬೇಗಂ ಕಪ್ಪುಹಲಗೆಯ ಪಕ್ಕದ ಗೋಡೆಗೆ ಒರಗಿ ನಿಂತಿದ್ದರು. ಸಂಘಮಿತ್ರಾ ಅವರ ಮುಖ ನೋಡಲಾರದೆ ಹಲಗೆಯನ್ನೇ ನೋಡುತ್ತಿದ್ದಳು. ಅದರ ಮೂಲೆಯಲ್ಲಿ ತನ್ನದೇ ಅಕ್ಷರದಲ್ಲಿ ಹಾಜರಾದವರ ಸಂಖ್ಯೆ ಇತ್ತು, ಯಾರೂ ಅಳಿಸಿರಲಿಲ್ಲ.

ಹೊರಗೆ ಬರುವಷ್ಟರಲ್ಲಿ ಮುನೀರ್ ಪಾಷಾ ಬಂದಿದ್ದ. ಅಂಗಡಿಯಿಂದ ಹಾಗೇ ಓಡಿ ಬಂದಿದ್ದನೇನೋ, ಕನ್ನಡಕದ ಗುರುತು ಮೂಗಿನ ಮೇಲೆ ಕೆಂಪಗೆ ಒತ್ತಿತ್ತು. ಅವನು ಕೂಗಾಡಿದ್ದರೆ ಚೆನ್ನಾಗಿತ್ತು. ಮೇಜಿನ ಮುಂದೆ ನಿಂತು ಮೆಲ್ಲಗೆ, “ಯಾರು ಹೇಳಿದ್ದು ಮೇಡಂ ನಮ್ಮಮ್ಮ ಹೋದ್ರು ಅಂತ?” ಎಂದು ಕೇಳಿದ. “ಅಕ್ಕಪಕ್ಕದವರನ್ನ ವಿಚಾರಿಸ್ತೀವಿ” ಎಂದಳು. ಅದು ಸುಳ್ಳಲ್ಲ. “ಅಕ್ಕಪಕ್ಕ ಅಂದ್ರೆ ಯಾರು?” ಅವಳು ಚೀಲದಿಂದ ಫೈಲು ತೆಗೆದು, ಮಹಜರಿನ ನಕಲಿದ್ದ ಪುಟ ತೆರೆದು, ಏನನ್ನೋ ಹುಡುಕುವವಳಂತೆ ಮೇಜಿನ ಮೇಲೆ ಇಟ್ಟಳು. ಇಟ್ಟು, ಸಾಲಿನಲ್ಲಿ ನಿಂತ ಇನ್ನೊಬ್ಬನ ನಂಬರು ನೋಡತೊಡಗಿದಳು. ಮುನೀರ್ ಬಗ್ಗಿ ಓದಿದ. ತಿಮ್ಮರಾಯಪ್ಪ ಹೋದ ದೀಪಾವಳಿಯಲ್ಲಿ ತೀರಿಕೊಂಡಿದ್ದ. ಉಳಿದದ್ದು ಜಬೀವುಲ್ಲಾನ ವಂಕಿವಂಕಿ ಸಹಿ. ಎರಡು ಮನೆಗೂ ಚರಂಡಿಯ ವಿಷಯಕ್ಕೆ ಮೂರು ವರ್ಷದಿಂದ ಮಾತಿಲ್ಲ ಎಂಬುದು ಇಡೀ ಬೀದಿಗೆ ಗೊತ್ತು, ಅವಳಿಗೂ ಗೊತ್ತಿತ್ತು. ಮುನೀರ್ ಬೆನ್ನು ನೆಟ್ಟಗೆ ಮಾಡಿಕೊಂಡು, “ಹೂಂ” ಎಂದ. ಅಮ್ಮನನ್ನೂ ಮಗಳನ್ನೂ ಕರೆದುಕೊಂಡು ಹೋದ. ಅವಳು ಒಂದಕ್ಷರ ಸುಳ್ಳು ಹೇಳಿರಲಿಲ್ಲ, ಆ ಪುಟ ತಾನಾಗಿಯೇ ಎಲ್ಲವನ್ನೂ ಹೇಳಿತ್ತು. ಗಾಳಿಗೆ ಪುಟ ಮಗುಚಿಕೊಂಡಾಗ ಅವಳು ಫೈಲು ಮುಚ್ಚಿದಳು.

ಮಧ್ಯಾಹ್ನ ಸಾಲು ಕರಗಿತು. ಬಿಸಿಲು ಜಗಲಿಯ ಅರ್ಧಕ್ಕೆ ಬಂದಿತ್ತು. ಬಿಸಿಯೂಟದ ದುರ್ಗಮ್ಮ ತಂದಿಟ್ಟ ಚಿತ್ರಾನ್ನ ಆರಿಹೋಗಿ ಎಣ್ಣೆ ಬಿಟ್ಟಿತ್ತು. “ಉಣ್ರೀ ಮಿಸ್, ಆರೋಯ್ತು” ಎಂದು ದುರ್ಗಮ್ಮ ಎರಡು ಸಲ ಹೇಳಿ, ಮೂರನೇ ಸಲ ಹತ್ತಿರ ಬಂದು, “ಜಬೀವುಲ್ಲಾನ ಅಂಗಡಿ ಮುಂದೆ ಜನ ಸೇರೌರಂತೆ. ಬದುಕಿರೋ ಮುದುಕೀನ ಸಾಯ್ಸಿ ಸೈನ್ ಹಾಕೌನಲ್ಲ, ಎಂಥೋನಿರ್ಬೇಕು ಅಲ್ವಾ ಮಿಸ್?” ಎಂದಳು. “ಹೂಂ” ಎಂದಳು ಸಂಘಮಿತ್ರಾ. ಅವಳ ಅಪ್ಪ ಹನುಮಂತಯ್ಯ ಹಿರೇನಲ್ಲೂರಿನ ಕಡೆಯ ಒಂದು ಹಳ್ಳಿಯವನು. ಮೊದಲ ಸಲ ಓಟಿಗೆ ಹೋದಾಗ ಬಾಗಿಲಲ್ಲಿ ಕೂತ ಗೌಡರ ಲೆಕ್ಕದವನು, ನಿಂದು ಆಗಲೇ ಆಗೋಗದೆ ಹೋಗೋ ಎಂದು ನಗುತ್ತಾ ಕಳಿಸಿದ್ದನಂತೆ. ನಗುತ್ತಾ ಎಂಬ ಮಾತನ್ನು ಅಪ್ಪ ಪ್ರತಿ ಸಲವೂ ಬಿಡದೆ ಸೇರಿಸುತ್ತಿದ್ದ. ಅದಾದ ಮೇಲೆ ಬೌದ್ಧನಾಗಿ, ಹುಟ್ಟಿದ ಮಗಳಿಗೆ ಊರಿನಲ್ಲಿ ಯಾರೂ ಕೇಳದ ಹೆಸರಿಟ್ಟು, ಪ್ರತಿ ಚುನಾವಣೆಗೂ ಬಿಳಿ ಅಂಗಿ ತೊಟ್ಟು ಬಾಗಿಲು ತೆಗೆಯುವ ಮೊದಲೇ ಹೋಗಿ ನಿಲ್ಲುತ್ತಿದ್ದ. ಆ ಕತೆ ಕೇಳಿ ಕೇಳಿ ಬೇಸರ ಬಂದು ಅವಳು ಹುಡುಗಿಯಾಗಿದ್ದಾಗ ನಡುವೆಯೇ ಎದ್ದು ಹೋಗುತ್ತಿದ್ದಳು. ಅವನು ಕಡೆಗಾಲದಲ್ಲಿ ಅಜ್ಜಂಪುರಕ್ಕೆ ಬಂದು ಅವಳ ಜೊತೆಗಿದ್ದ. ಹೆಸರು ಅವಳ ಪಟ್ಟಿಯಲ್ಲೇ ಇತ್ತು. ಸತ್ತ ಮೇಲೆ ತೆಗೆಯುವ ಅರ್ಜಿಯನ್ನು ಅವಳೇ ತುಂಬಿದ್ದಳು. ಮರಣ ಪತ್ರ ಲಗತ್ತಿಸಿ, ತಂದೆಯ ಹೆಸರಿನ ಕಾಗುಣಿತವನ್ನು ಎರಡು ಸಲ ನೋಡಿ, ಒಂದು ಅಕ್ಷರ ಗೀಚಿಹೋಯಿತೆಂದು ಹೊಸ ಹಾಳೆ ತೆಗೆದುಕೊಂಡು ಮತ್ತೆ ಬರೆದಿದ್ದಳು. ಸತ್ತವನಿಗೆ ಒಂದು ಇಡೀ ಮಧ್ಯಾಹ್ನ ಕೊಟ್ಟಿದ್ದವಳು, ಬದುಕಿದ್ದವರಿಗೆ ಕುಕ್ಕರಿನ ಎರಡು ಕೂಗಿನಷ್ಟು ಹೊತ್ತು.

ಎರಡು ಗಂಟೆಗೆ ಜಬೀವುಲ್ಲಾ ಬಂದ. ಅಂಗಿಯ ಜೇಬಿನ ಹತ್ತಿರ ಹರಿದಿತ್ತು. ಯಾರಾದರೂ ಎಳೆದದ್ದೋ ಮೊದಲೇ ಹರಿದಿದ್ದೋ ತಿಳಿಯಲಿಲ್ಲ. ಸಾಲಿನಲ್ಲಿದ್ದ ಏಳೆಂಟು ಜನ ಅವನಿಗೂ ತಮಗೂ ನಡುವೆ ಒಬ್ಬರು ನಿಲ್ಲುವಷ್ಟು ಜಾಗ ಬಿಟ್ಟರು. ಅವನು ಮೇಜಿನ ಹತ್ತಿರ ಬಂದು, ನಂಬರು ಕೇಳದೆ, “ಮೇಡಂ, ಆ ಕಾಗದದಲ್ಲಿ ಏನಿತ್ತು?” ಎಂದು ಕೇಳಿದ.

ಅವಳು ಅವನ ಬೀದಿಯ ಹಾಳೆ ತೆರೆದಳು.

“ನಾನು ಓದ್ಲಿಲ್ಲ, ನನ್ನ ತಪ್ಪು. ನೀವು ಕೇಳಿದ್ರಿ ಅಂತ ಹಾಕ್ದೆ. ನನ್ನ ಮಕ್ಕಳಿಗೆ ಪಾಠ ಹೇಳ್ದೋರು ನೀವು. ಮುನೀರ್ ಅಣ್ಣ ಬಂದು, ನಮ್ಮಮ್ಮ ಸತ್ರು ಅಂತ ಬರ್ಕೊಟ್ಟಿದೀಯಲ್ಲೋ ಅಂತಾನೆ. ನಾನು ಅಂಗೆ ಎಲ್ಲಿ ಹೇಳಿದ್ದೆ? ಮಗಳ ಮನೇಲಿ ಬಾಣಂತನ, ಕಡೂರಿಗೆ ಹೋದ್ರು ಅಂತ ತಾನೇ ನಾನು ಹೇಳಿದ್ದು?”

“ಕಡೂರಿಗೆ ಅಂತ ಹೇಳ್ಲಿಲ್ಲ ನೀವು” ಎಂದು ಅವಳ ಬಾಯಿಂದ ಬಂದುಬಿಟ್ಟಿತು. ಹೇಳಿದ ತಕ್ಷಣ ಆ ಮಾತಿನ ಸಣ್ಣತನ ಅವಳಿಗೇ ಹೇಸಿಗೆಯಾಯಿತು. ಅವನು ನೆನಪಿಸಿಕೊಳ್ಳುವವನಂತೆ ಹುಬ್ಬು ಗಂಟಿಕ್ಕಿ ನಿಂತ. ತಾನು ಹೇಳಿರಲಿಕ್ಕಿಲ್ಲ, ತನ್ನದೇ ತಪ್ಪಿರಬಹುದು ಎಂದು ಅವನು ನಂಬಲು ತೊಡಗಿದ್ದು ಅವಳ ಕಣ್ಣೆದುರೇ ನಡೆಯಿತು. “ಏನೋ ಮೇಡಂ. ಹೇಳ್ಲಿಲ್ಲೇನೋ” ಎಂದ. “ನಾಳೆ ಜುಮ್ಮಾ ನಮಾಜಿಗೆ ಹೋದ್ರೆ ನನ್ನ ಪಕ್ಕದಲ್ಲಿ ಯಾರು ಕೂತ್ಕೋತಾರೆ?” “ಆಮೇಲೆ ಮಾತಾಡೋಣ, ಈಗ ಸಾಲಿದೆ” ಎಂದು ಅವಳು ನಂಬರು ಬರೆದು ಕೊಟ್ಟಳು. ಅವನು ಚೀಟಿಯನ್ನು ಎರಡೂ ಕೈಯಿಂದ ಹಿಡಿದುಕೊಂಡು ಹೋದ.

ಐದು ಮುಕ್ಕಾಲಿಗೆ ಜಯದೇವಪ್ಪ ಒಳಗಿನಿಂದಲೇ, “ಮೇಡಂ, ನಿಮ್ಮದು ಬಾಕಿ ಇದೆ” ಎಂದು ಕೂಗಿದ. ತನ್ನ ಓಟನ್ನು ಹಾಕದೆ ಬಿಟ್ಟುಬಿಟ್ಟರೆ ಹೇಗೆ ಎಂಬ ಯೋಚನೆ ಮೂರು ಗಂಟೆಯಿಂದ ಅವಳಲ್ಲಿ ಸುಳಿಯುತ್ತಿತ್ತು. ಅವರದು ಹೋಯಿತು, ನನ್ನದೂ ಹೋಗಲಿ. ಆ ಯೋಚನೆ ಎಷ್ಟು ಹಿತವಾಗಿತ್ತೆಂದರೆ ಅದರ ಮೇಲೆ ಅನುಮಾನ ಬಂತು. ಯಾರಿಗೂ ಗೊತ್ತಾಗದ, ಯಾರಿಗೂ ಪ್ರಯೋಜನವಿಲ್ಲದ, ತನಗೆ ಮಾತ್ರ ಸಮಾಧಾನ ಕೊಡುವ ಒಂದು ಶಿಕ್ಷೆ. ಎದ್ದು ಹೋಗಿ ಓಟು ಹಾಕಿದಳು. ಗುಂಡಿ ಒತ್ತಿದಾಗ ಬಂದ ಉದ್ದನೆಯ ಸದ್ದು ಮುಗಿಯುವವರೆಗೂ ರಟ್ಟಿನ ಮರೆಯಲ್ಲಿ ನಿಂತಿದ್ದಳು. ಆರು ಗಂಟೆಗೆ ಬಾಗಿಲು ಹಾಕಿದರು. ಲೆಕ್ಕದ ಕಾಗದಗಳಿಗೆ ಸಹಿ ಮಾಡಿ, ಇನ್ನೂ ಬೆಳಕಿರುವಾಗಲೇ ಫೈಲನ್ನು ಎದೆಗವಚಿಕೊಂಡು ಹಳೇಸಂತೆ ಬೀದಿಯ ಕಡೆ ನಡೆದಳು. ಹೋಗಿ ಏನು ಹೇಳಬೇಕೆಂದು ಮನಸ್ಸಿನಲ್ಲಿ ಮಾತು ಜೋಡಿಸಿಕೊಂಡಷ್ಟೂ ಅದು ಕಚೇರಿಯ ಪತ್ರದಂತೆ ಆಗುತ್ತಿತ್ತು: ಅಚಾತುರ್ಯದಿಂದ, ಕಾರ್ಯಬಾಹುಳ್ಯದಿಂದ.

ಟೈಲರ್ ಅಂಗಡಿಯ ಷಟರು ಅರ್ಧ ಇಳಿದಿತ್ತು. ಅವಳು ಬಗ್ಗಿ, “ಜಬೀವುಲ್ಲಾ ಅವರೇ, ಎದುರು ಮನೆಗೆ ಒಂದು ಗಳಿಗೆ ಬನ್ನಿ” ಎಂದಳು. “ಬೇಡ ಮೇಡಂ, ಇನ್ನೂ ಜಗಳ ಆಗ್ತದೆ” ಎಂದ. “ನೀವು ಇಲ್ದೆ ಹೇಳೋಕಾಗಲ್ಲ. ಬನ್ನಿ.” ಮುನೀರ್ ಬಾಗಿಲಲ್ಲೇ ಕೈ ಅಡ್ಡ ಇಟ್ಟ. ಒಳಗಿನಿಂದ ಅಖ್ತರ್ ಬೇಗಂ, “ಬರ್ಲಿ ಬಿಡು” ಎಂದರು. ಅವರು ಮಂಚದ ಮೇಲೆ ಕಾಲು ಚಾಚಿ ಕೂತಿದ್ದರು, ಫಿಜಾ ಪಾದಕ್ಕೆ ಎಣ್ಣೆ ತಿಕ್ಕುತ್ತಿದ್ದಳು. ಕೂತುಕೊಳ್ಳಿ ಎಂದು ಯಾರೂ ಅನ್ನಲಿಲ್ಲ. ಸಂಘಮಿತ್ರಾ ನಿಂತೇ ಹೇಳಿದಳು. “ಇವರು ಸೈನ್ ಹಾಕಿದಾಗ ಕಾಗದ ಖಾಲಿ ಇತ್ತು. ನೀವು ತೀರ್ಕೊಂಡಿದೀರ ಅಂತ ಇವರು ಹೇಳ್ಲಿಲ್ಲ. ಹೋಗ್ಬಿಟ್ರು ಅಂದ್ರು. ಮಿಕ್ಕಿದ್ದು ನಾನೇ ಮನೇಲಿ ಕೂತು ಬರ್ಕೊಂಡೆ.”

ಜಬೀವುಲ್ಲಾ ಬಾಗಿಲ ಚೌಕಟ್ಟನ್ನು ಹಿಡಿದುಕೊಂಡ.

“ಹೋಗ್ಬಿಟ್ರು ಅಂದ್ರೆ ಎಲ್ಲಿಗೆ ಅಂತ ಒಂದು ಮಾತು ಕೇಳೋದಲ್ವಾ?” ಎಂದರು ಅಖ್ತರ್ ಬೇಗಂ.

“ಕೇಳ್ಬೇಕಿತ್ತು.”

“ಯಾಕೆ ಕೇಳ್ಲಿಲ್ಲ?”

ಇಲ್ಲಿ ಕಾರ್ಯಬಾಹುಳ್ಯ ಬರಬೇಕಿತ್ತು. “ಕಾಲು ನೋಯ್ತಿತ್ತು” ಎಂದಳು. “ಇನ್ನೂ ಹನ್ನೊಂದು ಮನೆ ಇತ್ತು. ಬೇಗ ಮುಗೀಲಿ ಅಂತ ಕೇಳ್ಲಿಲ್ಲ. ಈಗ ಹದಿನೈದು ದಿನದ ಹಿಂದೆ ನಿಮ್ಮನ್ನ ನೋಡ್ದೆ, ಆವಾಗ್ಲೂ ಹೇಳ್ಲಿಲ್ಲ.”

ಮುದುಕಿ ಬಹಳ ಹೊತ್ತು ಅವಳ ಮುಖ ನೋಡಿದರು. ಕೋಪವೇ ಎಂದು ಅವಳು ಹುಡುಕಿದಳು, ಗುರುತು ಸಿಕ್ಕಲಿಲ್ಲ. ಬೇಳೆಯಲ್ಲಿ ಕಲ್ಲು ನೋಡುವಾಗ ಇರುತ್ತದಲ್ಲ, ಅಂಥ ನೋಟ. “ನನಗೆ ಎಪ್ಪತ್ತೊಂದು” ಎಂದರು. “ನಮ್ಮೋರು ಬದುಕಿದ್ದಾಗ ಅವರು ಹೇಳ್ದೋರಿಗೆ ಹಾಕ್ತಿದ್ದೆ. ಅವರು ಹೋದ ಮೇಲೆ ನಾನೇ ಯೋಚ್ನೆ ಮಾಡಿ ಹಾಕ್ತೀನಿ. ಇವನಿಗೂ ಹೇಳಲ್ಲ ಯಾರಿಗೆ ಅಂತ.” ಮುನೀರ್ ನೆಲ ನೋಡಿದ. ಆಮೇಲೆ ತಲೆ ಎತ್ತಿ, “ಇದನ್ನ ಬರೆದು ಕೊಡ್ತೀರಾ ಮೇಡಂ? ಬರೀ ನಮ್ಮ ಮುಂದೆ ಹೇಳಿದ್ರೆ ಬೀದಿಗೆ ಹೆಂಗೆ ಗೊತ್ತಾಗ್ತದೆ?” ಎಂದ. ಫಿಜಾ ನೋಟ್‌ಬುಕ್ಕಿನಿಂದ ಹಾಳೆ ಹರಿದು ಕೊಟ್ಟಳು. ಸಂಘಮಿತ್ರಾ ಗೋಡೆಗೆ ಒತ್ತಿಟ್ಟುಕೊಂಡು ಬರೆದಳು: ಪರಿಶೀಲಿಸದೆ, ಖಾಲಿ ಮಹಜರಿಗೆ ಸಹಿ ಪಡೆದು, ನಾನೇ ತುಂಬಿರುತ್ತೇನೆ. ತಹಶೀಲ್ದಾರರಿಗೆ ಒಂದು, ಈ ಮನೆಗೆ ಒಂದು, ಜಬೀವುಲ್ಲಾನಿಗೆ ಒಂದು. ಮೂರನ್ನೂ ಬರೆದು ಮುಗಿಸಿದಾಗ ಮುನೀರ್, “ಇದ್ರಿಂದ ನಿಮ್ಮ ಕೆಲಸಕ್ಕೆ ತೊಂದ್ರೆ ಆಗಲ್ವಾ?” ಎಂದು ಕೇಳಿದ. “ಆಗ್ಬಹುದು” ಎಂದಳು. “ಆಗ್ಲಿ” ಎಂದರು ಅಖ್ತರ್ ಬೇಗಂ, ಫಿಜಾಳ ಕೈಯಿಂದ ಕಾಲನ್ನು ಬಿಡಿಸಿಕೊಳ್ಳುತ್ತಾ.

ಗಂಡ ತಿಪ್ಪೇಶ್ ವಿದ್ಯುತ್ ಲೈನ್‌ಮ್ಯಾನ್. ಸರ್ಕಾರಿ ಕೆಲಸದ ಒಳಹೊರಗು ತಿಳಿದವನು. ವಿಷಯ ಕೇಳಿ ತಟ್ಟೆಯ ಮುಂದೆ ಕೂತಲ್ಲೇ ಕೈ ಕೊಡವಿದ. “ಬುದ್ಧಿ ಇದೆಯೇನೇ ನಿಂಗೆ? ಕಂಪ್ಯೂಟರಲ್ಲಿ ಹೆಂಗೋ ಆಗಿದೆ ಅಂದಿದ್ರೆ ಮುಗೀತಿತ್ತು. ಕೈಯಾರೆ ಬರೆದು ಕೊಟ್ಟು ಬಂದಿದೀಯಲ್ಲ.” ಅವಳು, “ಹಂಗಂದಿದ್ರೆ ಜಬೀವುಲ್ಲಾಗೆ ಇನ್ಮೇಲೆ ಯಾರೂ ಬಟ್ಟೆ ಹೊಲಿಯೋಕೆ ಕೊಡ್ತಿರ್ಲಿಲ್ಲ” ಎಂದಳು. “ಅವನದು ಅವನು ನೋಡ್ಕೋತಿದ್ದ ಕಣೇ” ಎಂದು ಅವನು ಗೊಣಗಿದ. ಸೋಮವಾರ ತಾಲ್ಲೂಕು ಕಚೇರಿಯಲ್ಲಿ ಗುಮಾಸ್ತ ಕೂಡ ಪತ್ರವನ್ನು ಓದಿ, ತಲೆ ಎತ್ತಿ ನೋಡಿ, “ತಗೊಂಡೋಗಿ ಇನ್ನೊಂದು ಸಲ ಯೋಚ್ನೆ ಮಾಡ್ಕೊಂಡು ಬನ್ನಿ ಮೇಡಂ” ಎಂದ. ಅವಳು ಸ್ವೀಕೃತಿಯ ಮೊಹರು ಹಾಕಿಸಿಕೊಳ್ಳುವವರೆಗೂ ಅಲ್ಲೇ ನಿಂತಿದ್ದಳು. ಮಾರನೇ ದಿನ ಹೆಸರು ಸೇರಿಸುವ ಅರ್ಜಿ ಹಿಡಿದು ಮತ್ತೆ ಆ ಮನೆಗೆ ಹೋದಳು. ನಾನು ಭಾರತದ ನಾಗರಿಕಳು ಎಂದು ಘೋಷಿಸುತ್ತೇನೆ ಎಂಬ ಸಾಲನ್ನು ಫಿಜಾ ಓದಿ ಹೇಳಿದಾಗ ಮುದುಕಿ, “ಇದನ್ನೂ ನಾನೇ ಹೇಳ್ಬೇಕಾ?” ಎಂದು ಒಂದು ಸಲ ಕೇಳಿ, ಸಹಿ ಹಾಕಿದರು. ಹೊಸ ಮತದಾರರ ಪಟ್ಟಿಯಲ್ಲಿ, ಹದಿನೆಂಟು ತುಂಬಿದ ಹುಡುಗ ಹುಡುಗಿಯರ ನಡುವೆ, ಅವರ ಹೆಸರು ಬಂದದ್ದು ಆರು ವಾರದ ನಂತರ.

ಶಾಲೆಯಲ್ಲಿ ಎಲ್ಲರೂ ಅವಳಿಗೆ ಸಮಾಧಾನ ಹೇಳಿದರು. ಇಷ್ಟೊಂದು ಪ್ರಾಮಾಣಿಕರು ಈ ಕಾಲದಲ್ಲಿ ಎಲ್ಲಿ ಸಿಗುತ್ತಾರೆ ಎಂದು ಹೆಡ್‌ಮಾಸ್ಟರ್ ಈರಣ್ಣನವರು ಸ್ಟಾಫ್ ರೂಮಿನಲ್ಲಿ ಎಲ್ಲರೆದುರು ಅಂದರು. ಅವಳಿಗೆ ಅದು ಮೈಗೆ ಅಂಟಿದ ಬೆಲ್ಲದ ಪಾಕದಂತೆ ಹಿಂಸೆಯಾಯಿತು, ತೊಳೆದಷ್ಟೂ ಜಿಗುಟು. ತಪ್ಪು ಮಾಡಿದ್ದು ಮರೆತು ತಪ್ಪು ಒಪ್ಪಿಕೊಂಡದ್ದು ಮಾತ್ರ ಊರಿನಲ್ಲಿ ಉಳಿಯುತ್ತಿತ್ತು. ಹೀಗೇ ಇನ್ನಷ್ಟು ದಿನ ಹೋದರೆ ತಾನೂ ಅದನ್ನೇ ನಂಬಿಬಿಡಬಹುದು ಎಂದು ಹೆದರಿಕೆಯಾಗುತ್ತಿತ್ತು. ಊಟಕ್ಕೆ ಕೂತರೆ ಎರಡು ತುತ್ತಿನ ಮೇಲೆ ಸೇರುತ್ತಿರಲಿಲ್ಲ.

ಜೂನ್ ಕೊನೆಯಲ್ಲಿ ತರೀಕೆರೆಯಲ್ಲಿ ವಿಚಾರಣೆ. ಅಖ್ತರ್ ಬೇಗಂ ಅವರನ್ನೂ ಕರೆಸಿದ್ದರು, ಜೊತೆಗೆ ಫಿಜಾ ಬಂದಿದ್ದಳು. ವಿಚಾರಣೆಯ ಅಧಿಕಾರಿ ಒಳ್ಳೆಯ ಮನುಷ್ಯ, ಮುದುಕಿಗೆ ಕುರ್ಚಿ ಹಾಕಿಸಿ ನೀರು ಕೊಡಿಸಿದ. ಪತ್ರ ಓದಿ ಮುಗಿಸಿ, “ನೋಡಿ ಅಮ್ಮ, ಟೀಚರ್ ತಾವಾಗೇ ಒಪ್ಕೊಂಡಿದಾರೆ. ನಿಮ್ಮ ಹೆಸರೂ ವಾಪಸ್ ಬಂದಿದೆ. ಇಷ್ಟು ವರ್ಷದ ಸರ್ವಿಸಲ್ಲಿ ಇವರ ಮೇಲೆ ಒಂದು ಕಪ್ಪು ಚುಕ್ಕೆ ಇಲ್ಲ. ನಿಮ್ಮದೇನೂ ದೂರಿಲ್ಲ ಅಂತ ಒಂದು ಮಾತು ಹೇಳಿದ್ರೆ ಇಲ್ಲಿಗೇ ಮುಗಿಸ್ಬಹುದು” ಎಂದ. ಸಂಘಮಿತ್ರಾ ಕಿಟಕಿಯ ಕಡೆ ನೋಡುತ್ತಿದ್ದಳು. ಮುದುಕಿಯೂ ಹಾಗೇ ಹೇಳುತ್ತಾರೆ ಎಂದುಕೊಂಡಿದ್ದಳು, ಎಲ್ಲರೂ ಹೇಳುತ್ತಿದ್ದುದು ಅದನ್ನೇ.

“ದೂರಿದೆ” ಎಂದರು ಅಖ್ತರ್ ಬೇಗಂ.

ಟೈಪು ಮಾಡುತ್ತಿದ್ದವಳ ಕೈ ನಿಂತಿತು.

“ಇವರ ಕೆಲ್ಸ ತೆಗೀರಿ ಅಂತ ನಾನು ಹೇಳಲ್ಲ ಸಾಬ್. ಅದು ನಿಮಗೆ ಬಿಟ್ಟಿದ್ದು. ಅವರು ಮನೆಗೆ ಬಂದು ಹೇಳಿದ್ರು, ಅದೂ ನಿಜ. ಆದ್ರೆ ದೂರಿಲ್ಲ ಅಂತ ಬರೀಬೇಡಿ. ಐದು ವರ್ಷಕ್ಕೆ ಒಂದು ಸಲ ನನ್ನ ಕೇಳ್ತಾರೆ. ಈ ಸಲ ಕೇಳ್ಲಿಲ್ಲ. ಮುಂದಿನ ಸಲಕ್ಕೆ ನಾನಿರ್ತೀನೋ ಇಲ್ವೋ. ದೂರಿದೆ. ಬರ್ಕೊಳ್ಳಿ.”

ಅಧಿಕಾರಿ ಟೈಪಿಸ್ಟಿನ ಕಡೆ ತಲೆಯಾಡಿಸಿದ. ನನ್ನ ಹೆಸರನ್ನು ವಿಚಾರಿಸದೆ ತೆಗೆದಿರುತ್ತಾರೆ, ಈ ಬಗ್ಗೆ ನನ್ನ ದೂರು ಇರುತ್ತದೆ ಎಂದು ಅವಳು ಟೈಪು ಮಾಡಿ ಓದಿ ಹೇಳಿದಳು. ಮುದುಕಿ ಇನ್ನೊಂದು ಸಲ ಓದಿಸಿ ಕೇಳಿಸಿಕೊಂಡರು. “ನಿಮಗೇನಾದ್ರೂ ಹೇಳೋದಿದೆಯಾ ಮೇಡಂ?” ಎಂದು ಅಧಿಕಾರಿ ಕೇಳಿದಾಗ ಸಂಘಮಿತ್ರಾ, “ಅವರು ಹೇಳಿದ್ದು ಸರಿ ಇದೆ ಸರ್” ಎಂದಳು. ಒಂದು ವರ್ಷದ ಇನ್‌ಕ್ರಿಮೆಂಟು ತಡೆದ ಆದೇಶ ಮಳೆಗಾಲ ಮುಗಿಯುವ ಹೊತ್ತಿಗೆ ಬಂತು. ಬಿಎಲ್‌ಒ ಕೆಲಸವನ್ನು ಬೇರೆಯವರಿಗೆ ಕೊಟ್ಟರು.

ವಿಚಾರಣೆಯ ದಿನ ಮೆಟ್ಟಿಲಿಳಿದು ಬಸ್ ನಿಲ್ದಾಣಕ್ಕೆ ಬರುವಷ್ಟರಲ್ಲಿ ಅವಳಿಗೆ ಎಷ್ಟೋ ದಿನದ ಮೇಲೆ ತಲೆ ಸುತ್ತುವಷ್ಟು ಹಸಿವಾಯಿತು. ಎದುರಿನ ಹೋಟೆಲಿಗೆ ಹೋಗಿ ಗಾಜಿನ ಪಕ್ಕದ ಮೇಜಿನಲ್ಲಿ ಕೂತು ಇಡ್ಲಿ ಹೇಳಿದಳು. ಸಾಂಬಾರು ಬಿಸಿಯಾಗಿತ್ತು, ನಾಲಿಗೆ ಸುಟ್ಟಿತು. ಎರಡು ತಟ್ಟೆ ತಿಂದಳು. ಅಜ್ಜಂಪುರದ ಬಸ್ಸು ಬಂದು ನಿಂತದ್ದು, ಫಿಜಾ ಅಜ್ಜಿಯನ್ನು ತೋಳು ಹಿಡಿದು ಹತ್ತಿಸಿದ್ದು ಗಾಜಿನಲ್ಲಿ ಕಾಣಿಸಿತು. ಓಡಿದರೆ ಸಿಗುತ್ತಿತ್ತು. ಅವಳು ಏಳಲಿಲ್ಲ. ಬಸ್ಸು ತಿರುಗಿ ಹೋಗುವಾಗ ಅಖ್ತರ್ ಬೇಗಂ ಕಿಟಕಿಯ ಪಕ್ಕ ಕೂತು ಸೆರಗು ಸರಿಮಾಡಿಕೊಳ್ಳುತ್ತಿದ್ದರು; ಈ ಕಡೆ ನೋಡಲಿಲ್ಲ. “ಇನ್ನೇನ್ ಬೇಕಮ್ಮ?” ಎಂದು ಸಪ್ಲೈಯರ್ ಬಂದು ನಿಂತ. “ಒಂದು ವಡೆ ತನ್ನಿ” ಎಂದಳು.